‘ಇತರ ಕೃತಿಗಳು’ ಎಂಬ ತಲೆಬರಹದ ಕೆಳಗೆ

ಲೇಖಕರೊಬ್ಬರ ಬದುಕು-ಬರಹವನ್ನು ಕುರಿತ ನಮ್ಮ ಮಹಾಪ್ರಬಂಧಗಳ ಅಧ್ಯಾಯ ವಿಂಗಡಣೆ ಬಹುಮಟ್ಟಿಗೆ ಒಂದೇ ಬಗೆಯದು. ಕಾವ್ಯ, ಕಾದಂಬರಿ, ವಿಮರ್ಶೆಗಳಿಗೆ ಪ್ರತ್ಯೇಕ ಅಧ್ಯಾಯಗಳು ಸಲ್ಲುತ್ತವೆ. ಮಕ್ಕಳ ಕತೆಯೂ ಚಲನಚಿತ್ರವನ್ನು ಕುರಿತ ಬರಹವೂ ಕೊನೆಯಲ್ಲಿ ‘ಇತರ ಕೃತಿಗಳು’ ಎಂಬ ತಲೆಬರಹದ ಕೆಳಗೆ ಒಟ್ಟಿಗೆ ಬಂದು ನಿಲ್ಲುತ್ತವೆ. ‘ಬಾಲಪ್ರಪಂಚ’ವನ್ನು ರಚಿಸಿದ, ‘ಚೋಮನ ದುಡಿ’ಯನ್ನು ಬರೆದ, ಮೂಕಿ ಚಿತ್ರಗಳನ್ನೂ ತಯಾರಿಸಿದ ಶಿವರಾಮ ಕಾರಂತರನ್ನು ಕೂಡ ನಾವು ಹೀಗೆಯೇ ಹೋಳು ಮಾಡಿ ಓದುತ್ತೇವೆ. ಇದು ಕೇವಲ ಅನುಕೂಲಕ್ಕಾಗಿ ಮಾಡಿಕೊಂಡ ವಿಂಗಡಣೆಯೆಂದು ನನಗೆ ತೋರುವುದಿಲ್ಲ. ಇದರ ಹಿಂದೆ ಓದುಗನನ್ನು ಕುರಿತ ಒಂದು ಗ್ರಹಿಕೆಯಿದೆ.

ಆ ಗ್ರಹಿಕೆಯನ್ನು ಪರಿಶೀಲಿಸಲು ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿಗಳ ತೆಂಗಿನ ಸೀಮೆ ತಕ್ಕ ನೆಲೆಯಾಗಿದೆ. ಬಿ.ಎಂ.ಶ್ರೀ. ಹುಟ್ಟಿದ್ದು 1884ರಲ್ಲಿ, ತುರುವೇಕೆರೆ ತಾಲ್ಲೂಕಿನ ಸಂಪಿಗೆಯಲ್ಲಿ, ತೀ.ನಂ.ಶ್ರೀ. ಹುಟ್ಟಿದ್ದು 1906ರಲ್ಲಿ, ಚಿಕ್ಕನಾಯಕನಹಳ್ಳಿ ತಾಲ್ಲೂಕಿನ ತೀರ್ಥಪುರದಲ್ಲಿ. ಮೂರು ತಲೆಮಾರಿನ ಅಧ್ಯಾಪಕರು ತರಗತಿಗೆ ಕೊಂಡೊಯ್ದ ‘ಭಾರತೀಯ ಕಾವ್ಯಮೀಮಾಂಸೆ’ (1953) ತೀ.ನಂ.ಶ್ರೀಯವರದು. ಅಲ್ಲಿ ವಿವೇಚಿತವಾದ ಸಹೃದಯನು ಕಾವ್ಯಾಭ್ಯಾಸದಿಂದ ಮನಸ್ಸನ್ನು ಹದಗೊಳಿಸಿಕೊಂಡವನು. ಮಗು ಅಂಥ ಸಹೃದಯನಲ್ಲ. ಟೂರಿಂಗ್ ಟಾಕೀಸಿನ ನೆಲದ ಮೇಲೆ ಕುಳಿತು ಚಿತ್ರ ನೋಡಿದ, ಅಕ್ಷರ ಬಾರದ ಪ್ರೇಕ್ಷಕನೂ ಅಲ್ಲ. ನಮ್ಮ ವಿಮರ್ಶೆ ಈ ಇಬ್ಬರನ್ನೂ ಜೊತೆಯಾಗಿ ಹೊರಗಿಟ್ಟಿದೆ. ಮಕ್ಕಳ ಕತೆಯೂ ಸಿನಿಮಾವೂ ಒಂದೇ ತಲೆಬರಹದಡಿ ಬಂದುದು ಆಕಸ್ಮಿಕವಲ್ಲ. ತಮಾಷೆಯೆಂದರೆ, ಆ ಮೀಮಾಂಸೆಯ ಮೂಲದಲ್ಲಿರುವ ಭರತನ ರಸಸೂತ್ರ ಹುಟ್ಟಿದ್ದೇ ನೋಡುವವರನ್ನು ಮುಂದಿಟ್ಟುಕೊಂಡ ನಾಟ್ಯಶಾಸ್ತ್ರದಲ್ಲಿ!

ಇದರಿಂದ ಆಗಿರುವ ನಷ್ಟವನ್ನು ಒಂದು ನಿದರ್ಶನದಿಂದ ಸ್ಪಷ್ಟಪಡಿಸಬಹುದು. ಈ ಸೀಮೆಗೆ ಹೊಂದಿಕೊಂಡ ಚನ್ನರಾಯಪಟ್ಟಣ ತಾಲ್ಲೂಕಿನ ಸಂತೇಶಿವರದವರಾದ ಎಸ್.ಎಲ್. ಭೈರಪ್ಪನವರ ‘ತಬ್ಬಲಿಯು ನೀನಾದೆ ಮಗನೆ’ 1968ರ ಕಾದಂಬರಿ. ಅದರ ಹೆಸರೇ ಗೋವಿನ ಹಾಡಿನದು. ಹಾಡಿನ ಗೊಲ್ಲನ ವಂಶವೇ ತಮ್ಮದೆಂದು ನಂಬಿದ ಮನೆತನವೊಂದು ಅದರ ಕೇಂದ್ರದಲ್ಲಿದೆ. 1977ರಲ್ಲಿ ಗಿರೀಶ ಕಾರ್ನಾಡ ಮತ್ತು ಬಿ.ವಿ. ಕಾರಂತರು ಇದನ್ನು ಚಲನಚಿತ್ರವಾಗಿಸಿದರು. ಮಕ್ಕಳು ಶಾಲೆಯಲ್ಲಿ ಕೇಳುವ ಕತೆ, ಕಾದಂಬರಿ, ಸಿನಿಮಾ ಮೂರೂ ಇಲ್ಲಿ ಒಂದೇ ಎಳೆಯಲ್ಲಿವೆ. ಆದರೂ ಹಾಡು ಜಾನಪದ ವಿಭಾಗಕ್ಕೆ, ಕಾದಂಬರಿ ಪರಂಪರೆ-ಆಧುನಿಕತೆಯ ಚರ್ಚೆಗೆ, ಚಿತ್ರವು ‘ಮೂಲಕ್ಕೆ ನಿಷ್ಠವಾಗಿದೆಯೇ’ ಎಂಬ ಹಳೆಯ ಪ್ರಶ್ನೆಗೆ ಹಂಚಿಹೋಗಿವೆ. ಕೊಟ್ಟ ಮಾತಿಗೆ ಹಿಂದಿರುಗುವ ಹಸುವನ್ನು ಮಗು ಪ್ರಶ್ನಿಸದೆ ನಂಬುತ್ತದೆ. ಅಮೆರಿಕದಲ್ಲಿ ಕಲಿತು ಬಂದ ಕಾಳಿಂಗನಿಗೆ ಆ ನಂಬಿಕೆ ಅಸಾಧ್ಯ. ಅವನ ಮೂಗಿ ತಾಯಿಗೆ ನಂಬಿಕೆಯಿದೆ, ಹೇಳಲು ಮಾತಿಲ್ಲ. ಪುಟದ ಮೇಲೆ ಆ ಮೌನವನ್ನು ಲೇಖಕ ಮಾತಿನಿಂದಲೇ ಕಟ್ಟಬೇಕು. ತೆರೆಯ ಮೇಲೆ ಮುಖ ಮತ್ತು ಕೈಗಳೇ ಸಾಕು. ಕಾದಂಬರಿಯ ನಿಲುವನ್ನು ಒಪ್ಪದವರೂ ಎದುರಿಸಬೇಕಾದ ಪ್ರಶ್ನೆಯಿದು. ಕೇಳುವ ಮಗುವಿನಿಂದ ಹೊರಡದ ವಿಮರ್ಶೆಗೆ ಇದು ಕಾಣಿಸುವುದೇ ಇಲ್ಲ.

‘ಗೃಹಭಂಗ’ (1970) ನೇರವಾಗಿ ಈ ನೆಲದ ಕೃತಿ. ಅದರ ರಾಮಸಂದ್ರ ತಿಪಟೂರು ತಾಲ್ಲೂಕಿನ ಊರು. ಶಾನುಭೋಗಿಕೆಯ ಲೆಕ್ಕ ಬರೆದು, ಮುತ್ತುಗದ ಎಲೆ ಹಚ್ಚಿ ಸಂಸಾರ ನಡೆಸುವ ನಂಜಮ್ಮನನ್ನು ಕುರಿತು ಸಾಕಷ್ಟು ಬರಹ ಬಂದಿದೆ. ಪ್ಲೇಗಿನಲ್ಲಿ ಸಾಯುವ ಮಕ್ಕಳೂ ಉಳಿದು ಊರುಬಿಡುವ ವಿಶ್ವನೂ ಅವಳ ದುಃಖದ ವಿವರಗಳಾಗಿಯೇ ಉಳಿದಿದ್ದಾರೆ. ಬಾಲ್ಯವೇ ಆ ಕೃತಿಯ ವಸ್ತುವೆಂದು ಓದಿದರೆ ಅದರ ಬಂಧ ಬೇರೆಯಾಗಿ ತೋರುತ್ತದೆ. ಗಿರೀಶ್ ಕಾಸರವಳ್ಳಿಯವರು ಇದನ್ನು ಕಿರುತೆರೆ ಧಾರಾವಾಹಿಯಾಗಿಸಿದಾಗ ಅದು ಓದು ಬಾರದವರ ನಡುಮನೆಗೂ ಬಂದಿತು. ಅವರು ಕಂಡ ‘ಗೃಹಭಂಗ’ ನಮ್ಮ ಸಂಶೋಧನೆಗೆ ಆಕರವಲ್ಲವೇ?

ಇತ್ತ ಮಕ್ಕಳ ಸಾಹಿತ್ಯದ ವಿಮರ್ಶೆ ನೀತಿ, ಸರಳತೆ, ವಯೋಮಾನ ಎಂಬ ಮೂರು ಪದಗಳಲ್ಲಿ ಮುಗಿಯುತ್ತಿದೆ. ತಿಪಟೂರು ತಾಲ್ಲೂಕಿನ ಕೃಷ್ಣಮೂರ್ತಿ ಬಿಳಿಗೆರೆಯವರ ‘ಛೂಮಂತ್ರಯ್ಯನ ಕತೆಗಳು’ 2024ರಲ್ಲಿ ಕೇಂದ್ರ ಸಾಹಿತ್ಯ ಅಕಾದೆಮಿಯ ಬಾಲಸಾಹಿತ್ಯ ಪುರಸ್ಕಾರ ಪಡೆಯಿತು. ಅಭಿನಂದನೆಯ ಮಾತುಗಳಾಚೆಗೆ, ಸಣ್ಣಕತೆಗೆ ನಾವು ಕೇಳುವ ನಿರೂಪಣೆ, ನುಡಿ, ಲೋಕದೃಷ್ಟಿಯ ಪ್ರಶ್ನೆಗಳನ್ನು ಇಂಥ ಸಂಕಲನಕ್ಕೂ ಕೇಳಬೇಕು. ನುಡಿಯ ಪ್ರಶ್ನೆಯಂತೂ ತುರ್ತಿನದು. ಹೊಂಬಾಳೆ, ಸೋಗೆ, ಕರಟ, ವರ್ಷದ ಹತ್ತಿರ ಅಟ್ಟದಲ್ಲಿದ್ದು ಉಂಡೆಯಾಗುವ ಕೊಬ್ಬರಿ ಇವೆಲ್ಲ ಇಲ್ಲಿನ ಮಗುವಿಗೆ ಪಾಠವಾಗಿ ಅಲ್ಲ, ಮನೆಮಾತಾಗಿ ಬರುತ್ತವೆ. ಶಿಷ್ಟ ಗದ್ಯವನ್ನೇ ಮಕ್ಕಳ ಗದ್ಯವೆಂದು ಒಪ್ಪಿಸುವ ಪಠ್ಯಪುಸ್ತಕ ಈ ಮಾತನ್ನು ಕಳೆಯುತ್ತದೆ, ಕತೆಗಾರ ಉಳಿಸಿಕೊಳ್ಳಬಲ್ಲ.

ಆದ್ದರಿಂದ ನನ್ನ ಆಗ್ರಹ ಸಣ್ಣದು. ‘ಮಕ್ಕಳ ಸಾಹಿತ್ಯ: ಒಂದು ಅಧ್ಯಯನ’ ಎಂಬ ಬಗೆಯ ವಿಷಯ ನೋಂದಣಿಯನ್ನು ನಿಲ್ಲಿಸಿ, ಒಂದು ಕತೆ ಕೇಳುಗನಿಂದ ಓದುಗನಿಗೆ, ಓದುಗನಿಂದ ನೋಡುಗನಿಗೆ ಸಾಗುವಾಗ ಏನಾಗುತ್ತದೆ ಎಂಬುದನ್ನೇ ವಿಷಯವಾಗಿ ಒಪ್ಪಬೇಕು. ಇದಕ್ಕೆ ಹೊಸ ಸಿದ್ಧಾಂತವನ್ನು ಹೊರಗಿನಿಂದ ತರಬೇಕಾಗಿಲ್ಲ. ಕ್ಷೇತ್ರಕಾರ್ಯ ಮಾತ್ರ ಬೇಕು: ಧಾರಾವಾಹಿ ನೋಡಿದ ಅಜ್ಜಿಯರ ನೆನಪು, ಗೋವಿನ ಹಾಡನ್ನು ಇಂದಿಗೂ ಬಾಯಲ್ಲಿ ಹೇಳಬಲ್ಲ ಹಿರಿಯ ಶಿಕ್ಷಕರ ದನಿ, ಶಾಲಾ ಗ್ರಂಥಾಲಯಗಳ ಕಪಾಟಿನಲ್ಲಿ ರಟ್ಟು ಕಿತ್ತು ಬಿದ್ದಿರುವ ಮಕ್ಕಳ ಪುಸ್ತಕಗಳು.