ಅಜ್ಜನ ದರಖಾಸ್ತು ಜಮೀನಿಗೆ ಅರ್ಜಿ ಹಾಕಿ, ಈಗಲೇ ಹಾಕಿ

ಹುಲಿಕುಂಟೆ ಹೋಬಳಿಯ ಕಾಲೋನಿ, ಹಟ್ಟಿ, ತಾಂಡಾಗಳ ಅಣ್ಣಂದಿರೇ, ಅಕ್ಕಂದಿರೇ, ಹಿರಿಯರೇ,

ನಿಮ್ಮ ಮನೆಯ ಟ್ರಂಕಿನ ತಳದಲ್ಲಿ ಅಜ್ಜನ ಹೆಸರಿನ ಸಾಗುವಳಿ ಚೀಟಿ ಇದ್ದರೆ ಈ ಕರಪತ್ರ ನಿಮಗೆ. ಚೀಟಿ ಇಲ್ಲದೆ, "ಆ ಗುಡ್ಡದ ಕೆಳಗಿನ ನಾಕೆಕರೆ ನಮ್ದೇ ಆಗಿತ್ತು, ಬರಗಾಲದಲ್ಲಿ ಹೋಯ್ತು" ಅನ್ನುವ ಮಾತಷ್ಟೇ ಉಳಿದಿದ್ದರೂ ನಿಮಗೇ.

ಸರ್ಕಾರ ಪರಿಶಿಷ್ಟ ಜಾತಿ, ಪಂಗಡದವರಿಗೆ ಕೊಟ್ಟ ಜಮೀನು ಪರರ ಪಾಲಾಗಬಾರದೆಂದು ದೇವರಾಜ ಅರಸರ ಕಾಲದಲ್ಲಿ, 1978ರಲ್ಲಿ, ಒಂದು ಕಾಯ್ದೆ ಬಂತು. ಹೆಸರು ಉದ್ದವಿದೆ, ಕಚೇರಿಯಲ್ಲಿ ಪಿಟಿಸಿಎಲ್ ಅಂದರೆ ಸಾಕು, ತಿಳಿಯುತ್ತದೆ. 1979ರ ಜನವರಿ 1ರಿಂದ ಅದು ಜಾರಿಯಲ್ಲಿದೆ. ಆ ದಿನದಿಂದ ಈಚೆಗೆ ಸರ್ಕಾರದ ಪೂರ್ವಾನುಮತಿ ಇಲ್ಲದೆ ಮಂಜೂರಾತಿ ಜಮೀನನ್ನು ಯಾರೇ ಕೊಂಡಿದ್ದರೂ ಆ ಕ್ರಯ ಊರ್ಜಿತವಲ್ಲ. ಅದಕ್ಕೂ ಹಿಂದೆ ಮಾರಿದ್ದಾದರೆ, ಇಷ್ಟು ವರ್ಷ ಪರಭಾರೆ ಮಾಡಕೂಡದು ಎಂದು ಚೀಟಿಯಲ್ಲಿ ಬರೆದಿರುವ ಅವಧಿಯೊಳಗೆ ಮಾರಿದ್ದೇ ಎಂದು ನೋಡಬೇಕು. ಹಾಗಿದ್ದರೆ ಅದೂ ಬಿದ್ದುಹೋಗುತ್ತದೆ. ಭೋಗ್ಯ, ಅಡಮಾನ, ದಾನಪತ್ರ, ಗುತ್ತಿಗೆ, ಕ್ರಯದ ಕರಾರು ಎಲ್ಲವೂ ಪರಭಾರೆಯೇ. ಅಣ್ಣತಮ್ಮಂದಿರ ವಿಭಾಗ ಮತ್ತು ವಿಲ್ ಮಾತ್ರ ಹೊರಗೆ.

ಇನ್ನೊಂದು ಮಾತು, ಇದು ನಮ್ಮಲ್ಲಿ ಬಹಳ ಮಂದಿಗೆ ತಿಳಿಯದು. ಜಮೀನು ಮಂಜೂರಾದವರ ಅಥವಾ ಅವರ ವಾರಸುದಾರರ ಕೈಯಲ್ಲಿಲ್ಲದೆ ಬೇರೆಯವರ ಅನುಭವದಲ್ಲಿದ್ದರೆ, ಅದು ಅಕ್ರಮ ಪರಭಾರೆಯಿಂದಲೇ ಬಂದದ್ದೆಂದು ಕಾಯ್ದೆ ಮೊದಲಿಗೇ ಭಾವಿಸುತ್ತದೆ. ಅಲ್ಲವೆಂದು ರುಜುವಾತು ಮಾಡಬೇಕಾದವರು ಈಗ ಅನುಭವದಲ್ಲಿರುವವರು. ಕೊಂಡವರು ಈ ಕಾಯ್ದೆಯನ್ನೇ ರದ್ದು ಮಾಡಿಸಲು ಸುಪ್ರೀಂ ಕೋರ್ಟಿಗೆ ಹೋದರು. 1984ರಲ್ಲಿ ಮಂಚೇಗೌಡ ಪ್ರಕರಣದಲ್ಲಿ ಕೋರ್ಟು ಕಾಯ್ದೆಯನ್ನು ಎತ್ತಿಹಿಡಿಯಿತು.

ಹಾಗಾದರೆ ಜಮೀನು ಯಾಕೆ ವಾಪಸ್ ಬರಲಿಲ್ಲ? ನಾವು ಕೇಳಲಿಲ್ಲ, ಕೇಳಿದವರೂ ತಡವಾಗಿ ಕೇಳಿದೆವು. 2017ರಲ್ಲಿ ನೆಕ್ಕಂಟಿ ರಾಮಲಕ್ಷ್ಮಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಕಾಯ್ದೆ ಬಂದು ಎರಡು ದಶಕ ದಾಟಿದ ಮೇಲೆ ಹಾಕಿದ ಅರ್ಜಿಯನ್ನು ಒಪ್ಪಲಿಲ್ಲ. ಅಲ್ಲಿಂದ ಉಪವಿಭಾಗಾಧಿಕಾರಿ (ಎ.ಸಿ.), ಜಿಲ್ಲಾಧಿಕಾರಿ (ಡಿ.ಸಿ.), ಹೈಕೋರ್ಟು ಎಲ್ಲ ಕಡೆಯೂ ನಮ್ಮವರ ಕೇಸು 'ವಿಳಂಬ' ಅನ್ನುವ ಒಂದೇ ಮಾತಿಗೆ ಉರುಳತೊಡಗಿದವು. ಬೆಂಗಳೂರಿನ ಫ್ರೀಡಂ ಪಾರ್ಕಿನಲ್ಲಿ ತಿಂಗಳುಗಟ್ಟಲೆ ಧರಣಿ ಕೂತ ಮೇಲೆ, 2023ರ ಜುಲೈನಲ್ಲಿ ತಿದ್ದುಪಡಿ ಬಂತು: ಈ ಕಾಯ್ದೆಯಡಿ ಅರ್ಜಿ ಹಾಕಲು ಕಾಲಮಿತಿ ಇಲ್ಲ, ಬಾಕಿ ಇರುವ ಕೇಸುಗಳಿಗೂ ಇದೇ ಅನ್ವಯ.

ಊರೂರಲ್ಲಿ ಸಿಹಿ ಹಂಚಿದ್ದಾಯಿತು. ಆದರೆ ಸಿಹಿ ತಿಂದು ಮನೆಗೆ ಹೋಗಿ ಮಲಗಿದವರಿಗೆ ಹೇಳಬೇಕಾದ್ದಿದೆ. 2024ರಲ್ಲಿ ಹೈಕೋರ್ಟಿನ ವಿಭಾಗೀಯ ಪೀಠ, ಕಾಲಮಿತಿ ಇಲ್ಲ ಎಂದ ಮಾತ್ರಕ್ಕೆ ವಿಪರೀತ ವಿಳಂಬವನ್ನು ಕಡೆಗಣಿಸಲು ಬರುವುದಿಲ್ಲ ಎಂದಿದೆ. ಅದು ನ್ಯಾಯವೋ ಅಲ್ಲವೋ, ಆ ಜಗಳ ಮೇಲಿನ ಕೋರ್ಟುಗಳಲ್ಲಿ ಆಗಲಿ. ಹುಲಿಕುಂಟೆಯಲ್ಲಿ ಕೂತ ನಮಗೆ ಅದರ ಅರ್ಥ ಇಷ್ಟೇ: ಹಾಕದ ಅರ್ಜಿ ದಿನದಿಂದ ದಿನಕ್ಕೆ ದುರ್ಬಲವಾಗುತ್ತದೆ. ಅರ್ಜಿಯಲ್ಲಿ ತಡಕ್ಕೆ ಕಾರಣ ಬರೆಯಲೇಬೇಕು. ಅಜ್ಜ ಕೊಂಡವರ ಮನೆಯಲ್ಲೇ ಜೀತಕ್ಕಿದ್ದರೇ? ಅಪ್ಪ ಹೆಬ್ಬೆಟ್ಟೇ? ಗುಳೆ ಹೋಗಿದ್ದಿರೇ? ತಾಲ್ಲೂಕು ಕಚೇರಿ ಕಡತ ಕೊಡದೆ ಅಲೆಸಿತೇ? ಇದ್ದದ್ದನ್ನು ಇದ್ದಂತೆ, ವರ್ಷ ಹಾಕಿ ಬರೆಸಿ. ಟೈಪು ಮಾಡುವವರ ಹತ್ತಿರ ಇರುವ ಹಳೇ ನಮೂನೆಯಲ್ಲಿ ಹೆಸರು, ಸರ್ವೆ ನಂಬರ್ ಬದಲಿಸಿ ಕೊಟ್ಟರೆ ನಡೆಯದು.

ಈಗಲೇ ಯಾಕೆ ಅನ್ನುವವರು ಪಾವಗಡ ನೋಡಿ. ತಿರುಮಣಿ, ವಳ್ಳೂರು ಸುತ್ತ 13,000 ಎಕರೆ ಸೋಲಾರ್ ಪಾರ್ಕಿಗೆ ಹೋಯಿತು. ಎಕರೆಗೆ ವರ್ಷಕ್ಕೆ 21,000 ರೂಪಾಯಿ ಎಂದು ಗುತ್ತಿಗೆ ಶುರುವಾಯಿತು. ದುಡ್ಡು ಪಹಣಿಯಲ್ಲಿ ಹೆಸರಿದ್ದವರಿಗೆ ಬಂತು. ಅದೇ ಹೊಲಗಳಲ್ಲಿ ಕಳೆ ಕೀಳುತ್ತಿದ್ದವರಿಗೆ ಕೂಲಿಯೂ ಹೋಯಿತು. ತುಮಕೂರು–ರಾಯದುರ್ಗ ರೈಲು ಕೊರಟಗೆರೆ, ಮಧುಗಿರಿ, ಪಾವಗಡ ಹಾದು ಹೋಗುತ್ತದೆ. ಭದ್ರಾ ಮೇಲ್ದಂಡೆ ನೀರು ನಮ್ಮ ಕಡೆಗೂ ಬರಬೇಕಿದೆ. ಇವಕ್ಕೆ ಜಮೀನು ಹೋದರೆ ಪರಿಹಾರದ ನೋಟಿಸು ಕೂಡ ಪಹಣಿ ನೋಡಿಯೇ ಬರುತ್ತದೆ.

ಕೆಲಸ ಪಹಣಿಯಿಂದಲೇ ಶುರು ಮಾಡಿ. 9ನೇ ಕಲಂನಲ್ಲಿ ಈಗಿನ ಖಾತೆದಾರರ ಹೆಸರು, 10ರಲ್ಲಿ ಅದು ಹೇಗೆ ಬಂತೆಂಬ ಎಂ.ಆರ್. ನಂಬರ್, 12ರಲ್ಲಿ ಉಳುವವರು. ಆ ಎಂ.ಆರ್. ನಂಬರ್ ಹಿಡಿದು ಹಿಂದಕ್ಕೆ ಹೋದರೆ ಕೈಬರಹದ ಪಹಣಿ ಸಿಗುತ್ತದೆ, ಅಜ್ಜನ ಹೆಸರು ಅಲ್ಲಿರುತ್ತದೆ. ಮಂಜೂರಾತಿ ಆದೇಶ, ಸಾಗುವಳಿ ಚೀಟಿಯ ಕಚೇರಿ ಪ್ರತಿ ತಾಲ್ಲೂಕು ಕಚೇರಿಯ ರೆಕಾರ್ಡ್ ರೂಮಿನಲ್ಲಿ ಇರಬೇಕು. "ಫೈಲ್ ಸಿಕ್ತಿಲ್ಲ" ಅಂದರೆ ಬರೆದು ಕೊಡಿ ಅನ್ನಿ. ಕೊಡದಿದ್ದರೆ ಹತ್ತು ರೂಪಾಯಿಯ ಮಾಹಿತಿ ಹಕ್ಕಿನ ಅರ್ಜಿ ಹಾಕಿ, 30 ದಿನದಲ್ಲಿ ಉತ್ತರ ಕೊಡಬೇಕು. ಸಬ್ ರಿಜಿಸ್ಟ್ರಾರ್ ಕಚೇರಿಯಿಂದ ಇ.ಸಿ. ಮತ್ತು ಕ್ರಯಪತ್ರದ ನಕಲು, ಜೊತೆಗೆ ವಂಶವೃಕ್ಷ, ಜಾತಿ ಪ್ರಮಾಣಪತ್ರ. ತೋಟಿ, ತಳವಾರಿಕೆ ಇನಾಮಿನ ಜಮೀನು ಈ ಕಾಯ್ದೆಯೊಳಗೆ ಬರುವುದಿಲ್ಲ. ಅದಕ್ಕೆ ಬೇರೆ ಕಾನೂನಿದೆ, ಎರಡನ್ನೂ ಕಲಸಬೇಡಿ.

ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡ ನಾಲ್ಕೂ ತಾಲ್ಲೂಕಿನ ಅರ್ಜಿ ಮಧುಗಿರಿಯ ಉಪವಿಭಾಗಾಧಿಕಾರಿಗೇ ಹೋಗಬೇಕು. ಅಲ್ಲಿ ಸೋತರೆ ಆದೇಶ ಕೈಸೇರಿದ ಮೂರು ತಿಂಗಳೊಳಗೆ ತುಮಕೂರಿನ ಜಿಲ್ಲಾಧಿಕಾರಿಗೆ ಅಪೀಲು. ವಕೀಲರ ಫೀಜಿಗೆ ಹೆದರಬೇಡಿ. 1987ರ ಕಾನೂನು ಸೇವೆಗಳ ಕಾಯ್ದೆಯಡಿ ಪರಿಶಿಷ್ಟ ಜಾತಿ, ಪಂಗಡದವರಿಗೂ ಹೆಂಗಸರಿಗೂ ವಕೀಲರ ನೆರವು ಉಚಿತ, ಆದಾಯ ಎಷ್ಟೆಂದು ಕೇಳುವಂತಿಲ್ಲ. ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ಕೇಳಿ, ಇಲ್ಲವೇ 15100ಕ್ಕೆ ಫೋನ್ ಮಾಡಿ.

ಬೇಗ ಮುಗಿಯುತ್ತದೆ ಎಂದು ಸುಳ್ಳು ಹೇಳುವುದಿಲ್ಲ. ಬಾಬಾಸಾಹೇಬರು ಮಹಾಡದ ಚವದಾರ್ ಕೆರೆ ನೀರು ಮುಟ್ಟಿದ್ದು 1927ರಲ್ಲಿ, ಅದರ ಮೊಕದ್ದಮೆ ಬಾಂಬೆ ಹೈಕೋರ್ಟಿನಲ್ಲಿ ಗೆದ್ದದ್ದು 1937ರಲ್ಲಿ. ಬ್ಯಾರಿಸ್ಟರಿಗೇ ಹತ್ತು ವರ್ಷ ಹಿಡಿಯಿತು.

ಅಷ್ಟರಲ್ಲಿ ನಿಮ್ಮ ಮನೆಗೆ ಇಬ್ಬರು ಬರುತ್ತಾರೆ. ಒಬ್ಬ ಐವತ್ತು ಸಾವಿರ ಕೊಟ್ಟು, ಕೇಸು ಬೇಡವೆಂದು ಛಾಪಾ ಕಾಗದಕ್ಕೆ ಹೆಬ್ಬೆಟ್ಟು ಒತ್ತಿಸಿಕೊಳ್ಳುವವನು. ಇನ್ನೊಬ್ಬ ಕೇಸು ನಾನೇ ನಡೆಸುತ್ತೇನೆ, ಗೆದ್ದರೆ ಅರ್ಧ ಜಮೀನು ನನಗೆ ಅನ್ನುವವನು, ನೋಡಲು ನಮ್ಮವನ ಹಾಗೇ ಇರುತ್ತಾನೆ. ಇಬ್ಬರಿಗೂ ಬಾಗಿಲು ತೋರಿಸಿ. ಹೊಲದಲ್ಲಿ ಜಗಳಕ್ಕೆ ಇಳಿಯಬೇಡಿ. ಈಗ ಉಳುತ್ತಿರುವವರಲ್ಲಿ ಮೂರನೇ ಕೈಯಿಂದ ಕೊಂಡ ಬಡ ರೈತರೂ ಇದ್ದಾರೆ. ಅವರ ಮಾತನ್ನು ಅವರು ಎ.ಸಿ. ಮುಂದೆ ಹೇಳಿಕೊಳ್ಳಲಿ. ಆದೇಶವಾಗಿ ಜಮೀನು ನಿಮ್ಮ ಕೈಗೆ ಬಂದ ಮೇಲೂ ಯಾರಾದರೂ ನುಗ್ಗಿ ಉತ್ತರೆ, ದೌರ್ಜನ್ಯ ತಡೆ ಕಾಯ್ದೆಯಲ್ಲಿ ಅದಕ್ಕೆ ಪ್ರತ್ಯೇಕ ಅಪರಾಧವೇ ಇದೆ.

ಬರುವ ಭಾನುವಾರ ಬೆಳಗ್ಗೆ ಹತ್ತಕ್ಕೆ ಹುಲಿಕುಂಟೆಯಲ್ಲಿ ಸೇರೋಣ. ಓದು ಬಲ್ಲ ಹುಡುಗ ಹುಡುಗಿಯರು ಪೆನ್ನು, ಬಿಳಿ ಹಾಳೆ ತನ್ನಿ. ಒಂದೊಂದು ಮನೆಯ ಅರ್ಜಿಯನ್ನೂ ಅಲ್ಲೇ ಬರೆಯೋಣ. ಸೋಮವಾರ ಒಟ್ಟಿಗೆ ಮಧುಗಿರಿಗೆ ಹೋಗಿ ಅರ್ಜಿ ಕೊಟ್ಟು, ಸೀಲು ಹಾಕಿದ ಸ್ವೀಕೃತಿ ಪಡೆದೇ ವಾಪಸ್ ಬರುವುದು. ಬುತ್ತಿ ಕಟ್ಟಿಕೊಳ್ಳಿ, ಹೊತ್ತಾಗಬಹುದು. ಎಲ್ಲ ಕಾಗದಕ್ಕೂ ಮೂರು ಮೂರು ಜೆರಾಕ್ಸ್ ಇರಲಿ. ಮೂಲ ಸಾಗುವಳಿ ಚೀಟಿಯನ್ನು ಯಾರ ಕೈಗೂ ಕೊಡಬೇಡಿ, ಈ ಕರಪತ್ರ ಕೊಟ್ಟ ನಮಗೂ ಸಹ.

ಜೈ ಭೀಮ್

ಮಂಜೂರಾತಿ ಜಮೀನು ಕಳೆದುಕೊಂಡ ಕುಟುಂಬಗಳ ಪರವಾಗಿ
ಹುಲಿಕುಂಟೆ ಹೋಬಳಿ, ಶಿರಾ ತಾಲ್ಲೂಕು