ಸಹಿ ಇಲ್ಲದವನ ಮೇಲಿನ ದೂರುಪಟ್ಟಿ

ಜಪಾನಿ ಸಿನಿಮಾದ ಮಾತು ಬಂದರೆ ನಮ್ಮ ಸಿನಿಮಾಸಕ್ತ ಮಿತ್ರರು ಕುರೊಸಾವಾ, ಓಝು, ಮಿಝೊಗುಚಿ ಎಂದು ಮೂರು ಹೆಸರು ಹೇಳಿ ಕೈತೊಳೆದುಕೊಳ್ಳುತ್ತಾರೆ. ನಾಲ್ಕನೆಯದಾಗಿ ಕೊನ್ ಇಚಿಕಾವಾ ಎಂದಿರೋ, ಮುಖದಲ್ಲೊಂದು ಔದಾರ್ಯದ ನಗೆ: ‘ಒಳ್ಳೆಯ ಕಸುಬುದಾರ, ಬಿಡಿ.’ ಆ ‘ಬಿಡಿ’ಯನ್ನೇ ಇಲ್ಲಿ ಬಿಡಿಸಿ ನೋಡೋಣ. ತೀರ್ಪು ಓದುಗರದು. ವಾದಿಗಳ ಒಂದು ಮಾತು ಅವರದೇ ಇನ್ನೊಂದು ಮಾತಿನ ಕಾಲೆಳೆಯುವುದನ್ನು ಮಾತ್ರ ದಯವಿಟ್ಟು ಗಮನಿಸುತ್ತಿರಿ.

ಮೊದಲ ದೂರು: ಇವನಿಗೆ ಸ್ವಂತ ಶೈಲಿ ಇಲ್ಲ. ಪುರಾವೆ? 1956ರಲ್ಲಿ ಯುದ್ಧ, 1959ರಲ್ಲಿ ವಯಸ್ಸಾದವನ ಕಾಮ, 1962ರಲ್ಲಿ ಎರಡು ವರ್ಷದ ಕೂಸಿನ ಬಾಯಿಂದ ಸಂಸಾರದ ಕಥೆ, 1965ರಲ್ಲಿ ಒಲಿಂಪಿಕ್ಸ್, 1976ರಲ್ಲಿ ಪತ್ತೇದಾರಿ. ಕಥೆಗಳ ಪಟ್ಟಿ ಹಿಡಿದು ಶೈಲಿ ಹುಡುಕುವುದೆಂದರೆ ದಿನಸಿ ಚೀಟಿ ಓದಿ ಅಡುಗೆಯ ರುಚಿ ಹೇಳಿದ ಹಾಗೆ. ಓಝುವಿನಂತೆ ಕ್ಯಾಮೆರಾವನ್ನು ಚಾಪೆಯ ಮಟ್ಟಕ್ಕಿಳಿಸಿ ಅಲ್ಲೇ ಕೂರಿಸಿದ್ದರೆ ಇವರಿಗೆ ಗುರುತು ಹತ್ತುತ್ತಿತ್ತೇನೋ. ಪಟ್ಟಿ ಪಕ್ಕಕ್ಕಿಟ್ಟು ಪರದೆ ನೋಡಿ. 1963ರ ‘ಆ್ಯನ್ ಆ್ಯಕ್ಟರ್ಸ್ ರಿವೆಂಜ್’ನಲ್ಲಿ ರಾತ್ರಿಯ ಹೊಡೆದಾಟವೊಂದಿದೆ. ಅಗಲ ಪರದೆಯ ತುಂಬ ಕಗ್ಗತ್ತಲು. ಕತ್ತಿಯ ಅಲಗು ಮಿಂಚಿದಾಗಷ್ಟೇ ಅಲ್ಲಿ ಇಬ್ಬರು ಪ್ರಾಣದ ಹಂಗು ತೊರೆದು ಬಡಿದಾಡುತ್ತಿದ್ದಾರೆಂದು ತಿಳಿಯುವುದು. ಕತ್ತಲನ್ನು ಹೀಗೆ ಖಾಲಿ ಹಾಳೆಯಂತೆ ಬಳಸಿ, ಅದರ ಮೇಲೆ ಒಂದೇ ಗೆರೆ ಎಳೆದು ನಿಲ್ಲಿಸುವ ಕೈ ಬೇರೆ ಯಾರದು?

ಇದಕ್ಕೆ ಅವರ ಮರುತ್ತರ ಸಿದ್ಧವಿದೆ: ‘ಹಾಗಾದರೆ ಅವನು ಬರೀ ಇಲ್ಲಸ್ಟ್ರೇಟರ್.’ ಒಂದು ಕ್ಷಣದ ಹಿಂದೆ ಶೈಲಿಯೇ ಇರಲಿಲ್ಲ, ಈಗ ಶೈಲಿ ಬಿಟ್ಟರೆ ಬೇರೇನೂ ಇಲ್ಲ. ಇರಲಿ. ಇಚಿಕಾವಾ ಚಿತ್ರ ಬರೆಯುತ್ತಲೇ ಬಂದವನು. 1930ರ ದಶಕದಲ್ಲಿ ಕ್ಯೋಟೋದ ಜೆ.ಒ. ಸ್ಟುಡಿಯೋದ ಕಾರ್ಟೂನ್ ವಿಭಾಗದಲ್ಲಿ ಕೆಲಸ ಕಲಿತ. ವಾಲ್ಟ್ ಡಿಸ್ನಿಯ ಭಕ್ತ. ಮೊದಲು ನಿರ್ದೇಶಿಸಿದ್ದು ಗೊಂಬೆಗಳ ಸಿನಿಮಾ. ಚಿತ್ರಕಥೆಗೆ ಮುಂಚೆ ಒಪ್ಪಿಗೆ ಪಡೆದಿರಲಿಲ್ಲವೆಂದು ಜಪಾನನ್ನು ಆಗ ಆಕ್ರಮಿಸಿಕೊಂಡಿದ್ದ ಅಮೆರಿಕದ ಆಡಳಿತ ಅದನ್ನು ಮುಟ್ಟುಗೋಲು ಹಾಕಿಕೊಂಡಿತು. ಸಿನಿಮಾ ಮಾಡುವವನಿಗೆ ಚಿತ್ರ ಬರೆಯಲು ಬರುತ್ತದೆ ಎನ್ನುವುದು ಬೈಗುಳ ಹೇಗಾಯಿತೆಂದು ಬೈದವರೇ ಹೇಳಬೇಕು.

ಎರಡನೆಯದು: ಸ್ಟುಡಿಯೋ ಕೊಟ್ಟದ್ದನ್ನು ತೆಗೆದುಕೊಟ್ಟ ಆಳು. ‘ರಿವೆಂಜ್’ನ ಉದಾಹರಣೆಯನ್ನೇ ಅವರೂ ಎತ್ತುತ್ತಾರೆ. ನಿಜ, ಅದು ದಾಯೆಯಿ ಕಂಪನಿ ತನ್ನ ತಾರೆ ಕಝುವೊ ಹಸೆಗಾವಾನ ಮುನ್ನೂರನೆಯ ಸಿನಿಮಾ ಎಂದು ಮಾಡಿಸಿದ್ದು. 1935ರಲ್ಲೇ ಅವನು ನಟಿಸಿದ್ದ ಹಳೇ ಕಥೆ. ಐವತ್ತು ದಾಟಿದ ನಟನಿಗೆ ಮತ್ತೆ ಅದೇ ಸ್ತ್ರೀವೇಷಧಾರಿಯ ಪಾತ್ರ. ಜೊತೆಗೆ ಕಳ್ಳನ ಪಾತ್ರವೂ ಅವನದೇ. ಬೇರೆಯವನಾಗಿದ್ದರೆ ಆ ವಯಸ್ಸನ್ನು ಮುಚ್ಚಿಡುತ್ತಿದ್ದ. ಇಚಿಕಾವಾ ಅದನ್ನು ಬಣ್ಣ ಬಳಿದ ರಂಗಪರದೆಗಳ ಮುಂದೆ ನಿಲ್ಲಿಸಿ, ವೇಷವನ್ನೇ ಸಿನಿಮಾದ ವಿಷಯ ಮಾಡಿದ. ಕೊಟ್ಟ ಕೆಲಸ ಕೊಟ್ಟವರದು, ಮಾಡಿದ್ದು ತನ್ನದು.

ಆಳು ಎಂಬ ಮಾತಿಗೆ ಇನ್ನೊಂದು ಸಾಕ್ಷಿಯನ್ನು ಕರೆಯುತ್ತೇನೆ: ‘ಟೋಕಿಯೋ ಒಲಿಂಪಿಯಾಡ್’. ಮೊದಲು ಕುರೊಸಾವಾನಿಗೆ ಹೋಗಿದ್ದ ಕೆಲಸವಿದು, ಸರ್ಕಾರವೇ ಬೆನ್ನಿಗೆ ನಿಂತಿದ್ದ ಯೋಜನೆ. ಇದಕ್ಕಿಂತ ದೊಡ್ಡ ‘ಆರ್ಡರ್’ ಉಂಟೇ? 1965ರಲ್ಲಿ ಸಿನಿಮಾ ನೋಡಿದ ಸಚಿವ ಇಚಿರೊ ಕೊನೊ ಸಿಡಿಮಿಡಿಗೊಂಡ: ಇದು ದಾಖಲೆಯೇ ಅಲ್ಲ ಎಂಬುದು ಅವನ ಆಕ್ಷೇಪ. ನಟಿ ಹಿಡೆಕೊ ತಕಮಿನೆ ಪತ್ರಿಕೆಯಲ್ಲಿ ಬರೆದು ನಿರ್ದೇಶಕನ ಪರ ನಿಲ್ಲಬೇಕಾಯಿತು. ಸಚಿವರಿಗೆ ಬೇಕಿದ್ದದ್ದು ಪದಕ, ಬಾವುಟ. ಸಿನಿಮಾ ಶುರುವಾಗುವುದು ಹಳೇ ಕಟ್ಟಡಗಳನ್ನು ಕೆಡವುವ ಕಬ್ಬಿಣದ ಗುಂಡಿನಿಂದ. ಪದಕದ ಹತ್ತಿರವೂ ಸುಳಿಯದ ಚಾಡ್ ದೇಶದ ಓಟಗಾರನೊಬ್ಬ ಕ್ರೀಡಾಗ್ರಾಮದ ಊಟದ ಹಾಲಿನಲ್ಲಿ ಒಬ್ಬನೇ ಕೂತು ಉಣ್ಣುವುದನ್ನು ಇಚಿಕಾವಾ ಪುರಸೊತ್ತಿನಿಂದ ತೋರಿಸುತ್ತಾನೆ. ಹೇಳಿದ ಹಾಗೆ ಕೇಳುವ ಆಳಾಗಿದ್ದರೆ ಸಚಿವರಿಗೇಕೆ ಸಿಟ್ಟು? ಸಿಟ್ಟು ನ್ಯಾಯವೆಂದಾದರೆ ಆಳು ಎಂಬ ಮಾತು ಸುಳ್ಳು. ಎರಡರಲ್ಲಿ ಒಂದನ್ನು ಮಾತ್ರ ಇಟ್ಟುಕೊಳ್ಳಬಹುದು.

ಮೂರನೆಯ ದೂರು ಹೆಂಡತಿಯನ್ನು ಮುಂದಿಟ್ಟುಕೊಂಡು ಬರುತ್ತದೆ: ಒಳ್ಳೆಯದೆಲ್ಲ ನತ್ತೊ ವಾಡಾಳದು. ವಾಡಾಳ ಪಾಲನ್ನು ನಾನು ಸಂತೋಷವಾಗಿ ಒಪ್ಪುತ್ತೇನೆ. 1956ರ ‘ಬರ್ಮೀಸ್ ಹಾರ್ಪ್’ನಿಂದ ಒಲಿಂಪಿಕ್ಸ್‌ವರೆಗೆ ಚಿತ್ರಕಥೆಗಳಲ್ಲಿ ಅವಳ ಕೈಯಿದೆ. ಅಗಾಥಾ ಕ್ರಿಸ್ಟಿಯ ಹೆಸರನ್ನು ಜಪಾನಿ ಅಕ್ಷರಗಳಲ್ಲಿ ತಿರುಚಿ ಗಂಡ ಹೆಂಡತಿ ಹಂಚಿಕೊಂಡ ಕಾವ್ಯನಾಮವೂ ಇತ್ತು. ಆದರೆ ಈ ಸಿನಿಮಾಗಳಿಗೆ ಒಬ್ಬರ ಛಾಪೇ ಇಲ್ಲವೆಂದು ಆಗಲೇ ಸಾಧಿಸಿದವರು, ಈಗ ಅವುಗಳಲ್ಲಿ ವಾಡಾಳ ಛಾಪನ್ನು ಕಂಡದ್ದು ಹೇಗೆ? ಇಲ್ಲದ ಆಸ್ತಿಗೆ ವಾರಸುದಾರರನ್ನು ಹುಡುಕಿದಂತಾಯಿತು.

ನಾಲ್ಕನೆಯದು ತೂಕದ ದೂರು: ಯುದ್ಧದ ಬಗ್ಗೆ ಇವನದು ಕಣ್ಣೀರಿನ ಮಾನವತಾವಾದ. ‘ಬರ್ಮೀಸ್ ಹಾರ್ಪ್’ನಲ್ಲಿ ಭಿಕ್ಷುವಿನ ವೇಷ ತೊಟ್ಟ ಸೈನಿಕ ಮಿಜುಶಿಮಾ ಜಪಾನೀಯರ ಹೆಣ ಹೂಳಲು ಅಲ್ಲೇ ಉಳಿಯುತ್ತಾನೆ, ಬರ್ಮಾದ ಜನರಿಗೆ ಅಲ್ಲಿ ಹೆಚ್ಚು ದನಿಯಿಲ್ಲ. ಈ ಮಾತು ಸರಿ, ಅದನ್ನು ತೇಲಿಸುವುದಿಲ್ಲ. ಆದರೆ ದೂರುದಾರರು ಇಲ್ಲಿಗೇ ಕಡತ ಮುಚ್ಚುತ್ತಾರೆ. ಮೂರೇ ವರ್ಷಕ್ಕೆ ಬಂದ ‘ಫೈರ್ಸ್ ಆನ್ ದ ಪ್ಲೇನ್’ ತೆರೆಯಿರಿ. ಫಿಲಿಪೈನ್ಸ್‌ನ ಲೇಟೆ ದ್ವೀಪ, ಸೋತ ಸೈನ್ಯ, ಮಳೆ. ದಾರಿಯಲ್ಲಿ ಯಾರೋ ಬಿಟ್ಟ ಒಂದು ಜೊತೆ ಬೂಟು. ಒಬ್ಬ ಬರುತ್ತಾನೆ, ತನ್ನದಕ್ಕಿಂತ ಅದು ವಾಸಿಯೆಂದು ಮೆಟ್ಟಿ ತನ್ನದನ್ನು ಬಿಟ್ಟು ಹೋಗುತ್ತಾನೆ. ಅವನು ಬಿಟ್ಟದ್ದು ಹಿಂದೆ ಬರುವವನಿಗೆ ವಾಸಿ. ಕೊನೆಗೆ ಕ್ಷಯರೋಗಿ ತಮುರಾ ಬಂದು ಬೂಟು ಎತ್ತಿ ನೋಡಿದರೆ ಅಡಿಯೇ ಇಲ್ಲ. ತನ್ನದೂ ಅಷ್ಟೇ. ಬರಿಗಾಲಲ್ಲಿ ಹೊರಡುತ್ತಾನೆ. ಇದರಲ್ಲಿ ಕಣ್ಣೀರು ಎಲ್ಲಿದೆ? ಸಿನಿಮಾಕ್ಕೆ ಮೂಲವಾದ ಓಓಕಾನ ಕಾದಂಬರಿಯಲ್ಲಿ ತಮುರಾ ಬದುಕಿ ಊರಿಗೆ ಮರಳುತ್ತಾನೆ. ಇಚಿಕಾವಾ ಅವನಿಗೆ ಅಷ್ಟನ್ನೂ ಉಳಿಸಲಿಲ್ಲ. ಹೊಲದ ಹೊಗೆಯತ್ತ, ಮನುಷ್ಯರಿದ್ದಾರೆಂಬ ಆಸೆಯಿಂದ ನಡೆಯುತ್ತಿರುವಾಗಲೇ ಗುಂಡು ತಾಗಿ ಬೀಳುತ್ತಾನೆ. ತಮಾಷೆಯೆಂದರೆ, ಈ ಸಿನಿಮಾಕ್ಕೆ ಅದೇ ಬಳಗದ ದೂರು ಬೇರೆ: ಇಲ್ಲಿ ಕರುಣೆಯೇ ಇಲ್ಲ!

ಉಳಿದದ್ದು ಕೊನೆಗಾಲದ ದೂರು: ಕಾಡೊಕಾವಾ ಕಂಪನಿಯ ದುಡ್ಡಿಗೆ ಪತ್ತೇದಾರಿ ಸಿನಿಮಾ ತೆಗೆದ, ತನ್ನ ಹಳೆಯದನ್ನೇ ಮತ್ತೆ ತೆಗೆದ. 1987ರ ‘ಪ್ರಿನ್ಸೆಸ್ ಫ್ರಮ್ ದ ಮೂನ್’ ಅನ್ನು ಸಮರ್ಥಿಸುವ ಹುಚ್ಚು ನನಗಿಲ್ಲ, ಅದನ್ನು ಅವರೇ ಇಟ್ಟುಕೊಳ್ಳಲಿ. ಆದರೆ ನಾಲ್ಕು ವರ್ಷ ಮೊದಲು ಕಾದಂಬರಿಕಾರ ತಾನಿಝಾಕಿಯ ‘ಮಕಿಯೋಕಾ ಸಿಸ್ಟರ್ಸ್’ ತೆಗೆದವನೂ ಇವನೇ ಎಂಬುದನ್ನು ಮರೆಮಾಚುವುದೇಕೆ? 1976ರ ‘ಇನುಗಾಮಿ ಫ್ಯಾಮಿಲಿ’ಯನ್ನು 2006ರಲ್ಲಿ ಮತ್ತೆ ತೆಗೆದಾಗ ಅವನಿಗೆ ತೊಂಬತ್ತು ದಾಟಿತ್ತು. ಪತ್ತೇದಾರ ಕಿಂಡಾಯ್ಚಿಯಾಗಿ ಮತ್ತೆ ಅದೇ ಕೋಜಿ ಇಶಿಝಾಕಾ, ಮೂವತ್ತು ವರ್ಷ ಹೆಚ್ಚು ವಯಸ್ಸಾದ ಮುಖ ಹೊತ್ತು. ಐವತ್ತು ದಾಟಿದ ಹಸೆಗಾವಾನನ್ನು ಹಳೇ ವೇಷದಲ್ಲಿ ನಿಲ್ಲಿಸಿದವನು ಇದನ್ನು ಮರೆತು ಮಾಡಿದನೆಂದು ನಂಬುವವರು ನಂಬಲಿ.