ಕಲಬೆರಕೆ ಎನ್ನುವವರಿಗೆ

‘ಬ್ಲ್ಯಾಕ್ ಪ್ಯಾಂಥರ್’ (2018) ಚಿತ್ರದ ಹಿನ್ನೆಲೆ ಸಂಗೀತಕ್ಕೆ ಲುಡ್ವಿಗ್ ಗೊರಾನ್ಸನ್ 2019ರಲ್ಲಿ ಆಸ್ಕರ್ ಪಡೆದರು. ಅದರ ಮೇಲಿನ ತಕರಾರು ಮಾತ್ರ ಇನ್ನೂ ಮುಗಿದಿಲ್ಲ.

ಸ್ವೀಡನ್ನಿನವರಿಗೆ ಆಫ್ರಿಕಾದ ಉಸಾಬರಿ ಏಕೆ ಎಂಬುದು ಮೊದಲ ತಕರಾರು. ಕಂಪ್ಯೂಟರಿನಲ್ಲಿ ಸಿದ್ಧವಾಗಿ ಸಿಗುವ ‘ಆಫ್ರಿಕನ್ ಡ್ರಮ್’ ಸದ್ದನ್ನು ಎಳೆದು ಅಂಟಿಸಿ ಕೈತೊಳೆದುಕೊಂಡಿದ್ದರೆ ಈ ಮಾತನ್ನು ನಾನೂ ಒಪ್ಪುತ್ತಿದ್ದೆ. ಈ ಮನುಷ್ಯ ಸೆನೆಗಲ್‌ಗೆ ಹೋಗಿ ಗಾಯಕ ಬಾಬಾ ಮಾಲ್ ಅವರ ಕಛೇರಿ ಪ್ರವಾಸದ ಬೆನ್ನು ಹತ್ತಿದರು. ಅಲ್ಲಿಂದ ದಕ್ಷಿಣ ಆಫ್ರಿಕಾಕ್ಕೆ ಹೋಗಿ, ಹ್ಯೂ ಟ್ರೇಸಿ 1954ರಲ್ಲಿ ಕಟ್ಟಿದ ಸಂಗೀತ ಸಂಗ್ರಹಾಲಯದಲ್ಲಿ ಹಳೆಯ ಧ್ವನಿಮುದ್ರಣಗಳನ್ನು ಕೇಳುತ್ತ ಕೂತರು.

ಎರಡನೆಯದು ಶುದ್ಧಿಯ ಹಟ: ಪಾರಂಪರಿಕ ವಾದ್ಯಕ್ಕೆ ಆರ್ಕೆಸ್ಟ್ರಾ, ಹಿಪ್‌ಹಾಪ್ ಬೆರೆಸಿ ಕೆಡಿಸಿದರಂತೆ. ಇವರು ಟಾಮಾವನ್ನು ಗಮನಿಸಿ ಕೇಳಿದ್ದಾರೆಯೇ? ಬುಡಬುಡಿಕೆಯ ಹಾಗೆ ನಡು ಸಣ್ಣಗಿರುವ ಡ್ರಮ್ ಅದು. ಕಂಕುಳಲ್ಲಿ ಇಟ್ಟುಕೊಂಡು ಹುರಿಗಳನ್ನು ಅಮುಕಿದರೆ ಸ್ಥಾಯಿ ಏರುತ್ತದೆ, ಸಡಿಲಿಸಿದರೆ ಇಳಿಯುತ್ತದೆ. ಆ ಏರಿಳಿತದಲ್ಲೇ ಮಾತು ಹುಟ್ಟುತ್ತದೆ. ಚಿತ್ರದಲ್ಲಿ ಟಾಮಾ ವಾದಕ ಮಸ್ಸಾಂಬಾ ಜೋಪ್ ನಾಯಕ ಟಿಚಾಲನ ಹೆಸರನ್ನೇ ಅದರಲ್ಲಿ ನುಡಿಸುತ್ತಾರೆ. ಸುತ್ತ ಹಿತ್ತಾಳೆ ವಾದ್ಯಗಳು ಎಷ್ಟೇ ಮೊರೆದರೂ ಆ ಹೆಸರು ಮುಳುಗುವುದಿಲ್ಲ. ಬೆರೆಸುವುದನ್ನು ಸೆನೆಗಲ್‌ನವರಿಗೆ ಹಾಲಿವುಡ್ ಕಲಿಸಬೇಕಿರಲಿಲ್ಲ ಬಿಡಿ. ಗಿಟಾರು, ಕೀಬೋರ್ಡುಗಳ ಜೊತೆ ಟಾಮಾ ಅಲ್ಲಿ ದಶಕಗಳಿಂದ ಮೊಳಗುತ್ತಿದೆ. ‘ಫೈರಿನ್ ಇನ್ ಫೂಟಾ’ ಆಲ್ಬಂನಲ್ಲಿ 1994ರಷ್ಟು ಹಿಂದೆಯೇ ಎಲೆಕ್ಟ್ರಾನಿಕ್ ಸದ್ದನ್ನು ತಂದವರು ಇದೇ ಬಾಬಾ ಮಾಲ್. ಶುದ್ಧಿಯ ಕಾವಲು ಕಾಯುವವರು ಯಾರ ಪರವಾಗಿ ಕಾಯುತ್ತಿದ್ದಾರೋ!

ಸೆನೆಗಲ್‌ನ ಡ್ರಮ್ಮು, ಪಾತ್ರಗಳ ಬಾಯಲ್ಲಿ ದಕ್ಷಿಣ ಆಫ್ರಿಕಾದ ಷೋಸಾ ಭಾಷೆ, ಎಲ್ಲಿಂದೆಲ್ಲಿಗೆ ಸಂಬಂಧ ಎಂಬುದು ಮತ್ತೊಂದು ತಕರಾರು. ಕಥೆ ನಡೆಯುವ ವಕಾಂಡಾ ಯಾವ ಭೂಪಟದಲ್ಲೂ ಇಲ್ಲದ ದೇಶ. ಮುಂದೆ ಹೋಗೋಣ.

ಕೊನೆಯ ಆಕ್ಷೇಪದಲ್ಲಿ ಮಾತ್ರ ಹುರುಳಿದೆ: ಬೆವರು ಹಲವರದು, ಪ್ರಶಸ್ತಿ ಒಬ್ಬರದು. ಇಂಥ ಅನ್ಯಾಯ ಹಿಂದೆಯೂ ನಡೆದಿದೆ: 1939ರಲ್ಲಿ ‘ಎಂಬೂಬೆ’ ಹಾಡಿದ ದಕ್ಷಿಣ ಆಫ್ರಿಕಾದ ಗಾಯಕ ಸೊಲೊಮನ್ ಲಿಂಡಾ ಹತ್ತು ಶಿಲಿಂಗಿಗೆ ಹಕ್ಕು ಬಿಟ್ಟುಕೊಟ್ಟು 1962ರಲ್ಲಿ ಬಡವರಾಗಿಯೇ ತೀರಿಕೊಂಡರು. ಆ ಧಾಟಿ ‘ದಿ ಲಯನ್ ಕಿಂಗ್’ವರೆಗೂ ಹೋಯಿತು, ಅವರ ಹೆಣ್ಣುಮಕ್ಕಳ ಪಾಲಿಗೆ ರಾಜಿ ಒಪ್ಪಂದ ದಕ್ಕಿದ್ದು 2006ರಲ್ಲಿ. ಜೋಪ್ ಅವರ ಸ್ಥಿತಿ ಹಾಗಿಲ್ಲ. ಈ ಚಿತ್ರವನ್ನು ಪರದೆಯ ಮೇಲೆ ತೋರಿಸುತ್ತ ಆರ್ಕೆಸ್ಟ್ರಾ ನುಡಿಸುವ ಕಛೇರಿಗಳಲ್ಲಿ ಅವರೇ ಮುಂದೆ ನಿಂತು ಟಾಮಾ ನುಡಿಸಿದ್ದಾರೆ. ಆದರೆ ಕೊಳಲುವಾದಕ ಅಮಾಡು ಬಾ? ಖಳ ಕಿಲ್‌ಮಾಂಗರ್ ಎಂಥವನೆಂದು ಗೊರಾನ್ಸನ್ ವಿವರಿಸಿದರು. ಅಷ್ಟು ಕೇಳಿ ಅಮಾಡು ಬಾ ಫುಲಾನಿ ಕೊಳಲಿನೊಳಗೆ ಮಾತಾಡಿದರು, ಕಿರುಚಿದರು. 808 ಡ್ರಮ್ ಯಂತ್ರದ ಗುಡುಗಿನ ಮೇಲೆ ಖಳನ ಗುರುತಾಗಿ ಉಳಿದದ್ದು ಆ ಉಸಿರು. ಅದು ಬರಿಯ ವಾದನವೋ, ರಚನೆಯೂ ಹೌದೋ? ವಾದನವೆಂದರೆ ಆ ದಿನದ ಸಂಭಾವನೆಗೆ ಲೆಕ್ಕ ಚುಕ್ತಾ. ರಚನೆಯೆಂದರೆ ರಾಯಧನದಲ್ಲಿ ಪಾಲು. ಟೀಕಾಕಾರರು ಜಗಳ ತೆಗೆಯುವುದಾದರೆ ಇಲ್ಲಿ ತೆಗೆಯಲಿ, ನಾನೂ ಅವರ ಪಕ್ಕಕ್ಕೆ ಬಂದು ನಿಲ್ಲುತ್ತೇನೆ.